ಸಾಹಸವೋ, ಆಡಂಬರವೋ?

ದೂರದರ್ಶನದ ಮೋಟಾರು ಸಾಹಸಮಾಲಿಕೆಗಳು ದ್ರವ್ಯವೂ ವೇಗವೂ ಹೆಚ್ಚಿದಂತೆಲ್ಲ ಉತ್ಕರ್ಷವನ್ನು ಪಡೆಯುವುವೆಂದು ಅನೇಕರು ನಂಬಿರುತ್ತಾರೆ. ಈ ಮತಕ್ಕೆ ನಾವು ಸರ್ವಥಾ ಒಡಂಬಡಲಾರೆವು.

ಬ್ರಿಟನ್ನಿನ ಬಿ.ಬಿ.ಸಿ. ಸಂಸ್ಥೆಯ ‘ಟಾಪ್ ಗೇರ್’ ಮಾಲಿಕೆಯನ್ನೇ ನಿದರ್ಶನವಾಗಿ ತೆಗೆದುಕೊಳ್ಳೋಣ. 1977ರಲ್ಲಿ ಹುಟ್ಟಿದಾಗ ಅದು ವಾಹನಗಳ ಗುಣದೋಷಗಳನ್ನು ತಿಳಿಸುವ ಸಾಧಾರಣ ಕಾರ್ಯಕ್ರಮವಾಗಿತ್ತು. 2002ರಲ್ಲಿ ಹೊಸ ರೂಪವನ್ನು ತಾಳಿ, ಜೆರೆಮಿ ಕ್ಲಾರ್ಕ್ಸನ್, ರಿಚರ್ಡ್ ಹ್ಯಾಮಂಡ್, ಮರುವರ್ಷ ಬಂದು ಸೇರಿದ ಜೇಮ್ಸ್ ಮೇ ಈ ಮೂವರಿಂದ ಲೋಕವಿಖ್ಯಾತವಾಯಿತು. ಅದರ ಶಿಖರವು 2007ರ ಬೋಟ್ಸ್ವಾನಾ ಯಾತ್ರೆಯೆಂಬುದೇ ನಮ್ಮ ನಿಶ್ಚಿತವಾದ ಅಭಿಪ್ರಾಯ.

ಅಲ್ಲಿ ಇದ್ದುದಾದರೂ ಏನು? ಅಗ್ಗಕ್ಕೆ ಕೊಂಡ ಮೂರು ಹಳೆಯ ಕಾರುಗಳು; ಎದುರಿಗೆ ಮಕ್ಗಡಿಕ್ಗಡಿಯ ಅಪಾರವಾದ ಉಪ್ಪಿನ ಬಯಲು. ಮೇಲ್ಪದರವು ತೆಳು, ಅಡಿಯಲ್ಲಿ ಕೆಸರು. ಭಾರವಾದ ವಾಹನವು ಹೂತುಹೋಗದೆ ಇರದು. ಆದುದರಿಂದ ಇಬ್ಬರು ತಮ್ಮ ಕಾರುಗಳ ಬಾಗಿಲುಗಳನ್ನೇ ಕಿತ್ತು ಹಗುರಮಾಡಿಕೊಂಡರು. ಹ್ಯಾಮಂಡರಾದರೋ 1963ರ ತಮ್ಮ ಪುಟ್ಟ ಓಪೆಲ್ ಕಾಡೆಟ್ಟಿಗೆ ‘ಆಲಿವರ್’ ಎಂದು ಹೆಸರಿಟ್ಟು, ಅದನ್ನು ಬಿಚ್ಚಲೊಲ್ಲದೆ ಹೋದರು. ಮುಂದೆ ಆ ಕಾರಿನೊಳಗೆ ಹೊಳೆಯ ನೀರು ನುಗ್ಗಿದಾಗ ನೋಡುವವರ ಎದೆಯೂ ಕುಸಿಯಿತು. ಯಾತ್ರೆ ಮುಗಿದ ಮೇಲೆ ಅವರು ಅದನ್ನು ಇಂಗ್ಲೆಂಡಿಗೇ ತರಿಸಿಕೊಂಡರು. ಯಂತ್ರವೊಂದು ಕಥೆಯ ಪಾತ್ರವಾಯಿತು!

“ಅದೂ ಮೊದಲೇ ಹೂಡಿದ ಆಟವಲ್ಲವೇ?” ಎಂದು ಕೆಲವರು ಆಕ್ಷೇಪಿಸುವರು. ಹೂಡಿಕೆಯಿಲ್ಲದ ನಾಟಕವೆಲ್ಲಿದೆ? ಆದರೆ ನೆಲವೂ ನೀರೂ ಬರೆದುಕೊಟ್ಟ ಮಾತನ್ನು ಆಡುವುದಿಲ್ಲ. ಮನುಷ್ಯನ ಯುಕ್ತಿಯು ಅವುಗಳೊಡನೆ ಸೆಣಸುವಲ್ಲಿಯೇ ಸಾಹಸರಸವು ಹುಟ್ಟುತ್ತದೆ.

ಅವನತಿಯ ಕಾರಣವೂ ಸ್ಪಷ್ಟವಾಗಿದೆ. 2011ರಲ್ಲಿ ಇದೇ ಮೂವರು ನಮ್ಮ ದೇಶಕ್ಕೆ ಬಂದು, ಕಾರಿನ ಹಿಂಬದಿಗೆ ಶೌಚಪೀಠವನ್ನು ಕೂಡಿಸಿ ಕೊಳೆಗೇರಿಯಲ್ಲಿ ನಡೆಸಿದರು. 2012ರಲ್ಲಿ ಲಂಡನ್ನಿನ ಭಾರತೀಯ ಹೈಕಮಿಷನ್ ಬಿ.ಬಿ.ಸಿ.ಗೆ ದೂರಿತು. ಬೋಟ್ಸ್ವಾನಾದಲ್ಲಿ ನಗೆಗೀಡಾದವರು ಪ್ರಯಾಣಿಕರು, ಇಲ್ಲಿ ಆತಿಥೇಯರು. ಔಚಿತ್ಯವು ಕೆಟ್ಟೊಡನೆ ಹಾಸ್ಯವೂ ಕೆಟ್ಟಿತು. ಇದನ್ನು ಅಭಿಮಾನಿಗಳು ‘ಬರಿಯ ವಿನೋದ’ವೆಂದು ತಳ್ಳಿಹಾಕುವುದು ನ್ಯಾಯವಲ್ಲ.

2015ರಲ್ಲಿ ಬಿ.ಬಿ.ಸಿ.ಯನ್ನು ಬಿಟ್ಟ ಮೂವರೂ 2016ರಲ್ಲಿ ಅಮೆಜಾನ್ ಸಂಸ್ಥೆಗಾಗಿ ‘ದಿ ಗ್ರ್ಯಾಂಡ್ ಟೂರ್’ ಆರಂಭಿಸಿದರು. ಹಣಕ್ಕೆ ಕೊರತೆಯಿರಲಿಲ್ಲ, ಊರೂರಿಗೆ ಸಾಗುವ ದೊಡ್ಡ ಗುಡಾರವೂ ಇತ್ತು. ಆದರೂ 2019ರಲ್ಲಿ ಗುಡಾರದ ಕಾರ್ಯಕ್ರಮವು ನಿಂತು, ಯಾತ್ರೆಗಳು ಮಾತ್ರ ಉಳಿದುವು. 2024ರ ಸೆಪ್ಟೆಂಬರಿನಲ್ಲಿ ಹೊರಬಂದ ಕಡೆಯ ಯಾತ್ರೆಯಲ್ಲಿ ಅವರು ಹಳೆಯ ಕಾರುಗಳನ್ನೇರಿ ಹೋಗಿ ಬೀಳ್ಕೊಂಡುದೆಲ್ಲಿ? ಅದೇ ಮಕ್ಗಡಿಕ್ಗಡಿಯ ಉಪ್ಪಿನ ಬಯಲಿನಲ್ಲಿ.

ತಮ್ಮ ಶಿಖರವು ಎಲ್ಲಿತ್ತೆಂಬುದನ್ನು ಅವರೇ ಹೀಗೆ ತೋರಿಸಿಕೊಟ್ಟಿರುವಾಗ, ಆಡಂಬರದ ಪಕ್ಷದವರು ಇನ್ನು ಯಾವ ಸಾಕ್ಷಿಯನ್ನು ಕೇಳುವರು?