ಕಾರಾಪುರದ ಸಾಬು ಮತ್ತು ನಮ್ಮ ಮಕ್ಕಳು



ಟಿ.ವಿ.ಯ ರಿಯಾಲಿಟಿ ಶೋಗಳಲ್ಲಿ ಪುಟ್ಟ ಮಕ್ಕಳು ಹಾಡಿ, ನಟಿಸಿ ಚಪ್ಪಾಳೆ ಗಿಟ್ಟಿಸುವುದನ್ನು ನೀವು ನೋಡಿರುತ್ತೀರಿ. 'ನಮ್ಮ ಮಗುವಿಗೂ ಇಂಥ ಒಂದು ಅವಕಾಶ ಸಿಕ್ಕಿದ್ದರೆ!' ಎಂದು ಮಂಡ್ಯ, ಮದ್ದೂರು, ಮಳವಳ್ಳಿಯ ತಾಯಂದಿರಿಗೂ ಅನಿಸುವುದು ಸಹಜ. ಆ ಆಸೆಯ ಎದುರಿಗೆ ಒಬ್ಬ ಬಾಲನಟನ ಬದುಕನ್ನು ಇಟ್ಟು ನೋಡೋಣ.

ನಮ್ಮ ನೆರೆಯ ಮೈಸೂರು ಜಿಲ್ಲೆಯ ಕಾರಾಪುರದಲ್ಲಿ 1924ರಲ್ಲಿ ಮಾವುತರೊಬ್ಬರ ಮನೆಯಲ್ಲಿ ಸಾಬು ಹುಟ್ಟಿದ. ಎಳವೆಯಲ್ಲೇ ತಂದೆ ತೀರಿಹೋದರು. ಮಹಾರಾಜರ ಆನೆ ಲಾಯವೇ ಆಸರೆಯಾಯಿತು. ಚಿತ್ರ ತೆಗೆಯಲು ಬಂದಿದ್ದ ರಾಬರ್ಟ್ ಫ್ಲಾಹರ್ಟಿಯವರ ತಂಡದ ಕಣ್ಣಿಗೆ ಹುಡುಗ ಬಿದ್ದ. ಅವನು ನಟಿಸಿದ 'ಎಲಿಫೆಂಟ್ ಬಾಯ್' 1937ರಲ್ಲಿ ತೆರೆಕಂಡಿತು. ಲಂಡನ್ನಿನಲ್ಲಿ ಬಿಬಿಸಿಯ ಟಿ.ವಿ. ಪ್ರಸಾರ ಶುರುವಾಗಿ ಆಗ ಕೆಲವೇ ತಿಂಗಳಾಗಿತ್ತು. ಚಿತ್ರಮಂದಿರಕ್ಕೆ ಹೋದ ಜನ ಈ ಹದಿಮೂರರ ಹುಡುಗನನ್ನು ಮೆಚ್ಚಿಕೊಂಡರು.

ಹಿರಿಯರು ಒಂದು ಒಳ್ಳೆಯ ಕೆಲಸ ಮಾಡಿದ್ದರು. ಹುಡುಗನನ್ನು ಒಬ್ಬನೇ ಇಂಗ್ಲೆಂಡಿಗೆ ಕಳುಹಿಸಲಿಲ್ಲ, ಅಣ್ಣನೂ ಜೊತೆಗಿದ್ದ. ಅಲ್ಲಿ ಶಾಲೆಗೂ ಸೇರಿಸಿದರು. 'ದಿ ಥೀಫ್ ಆಫ್ ಬಾಗ್ದಾದ್' (1940), 'ಜಂಗಲ್ ಬುಕ್' (1942) ಅವನ ಹೆಸರನ್ನು ಜಗತ್ತಿಗೆಲ್ಲ ಮುಟ್ಟಿಸಿದವು. 1944ರಲ್ಲಿ ಅಮೆರಿಕದ ಪೌರನಾಗಿ, ಯುದ್ಧವಿಮಾನದ ಗನ್ನರ್ ಆಗಿ ಶೌರ್ಯ ಪದಕವನ್ನೂ ಪಡೆದ.

ಆದರೆ ಹುಡುಗ ಬೆಳೆದಂತೆ ಪಾತ್ರಗಳು ಬೆಳೆಯಲಿಲ್ಲ. ಮತ್ತೆ ಮತ್ತೆ ಅದೇ ಕಾಡು, ಅದೇ ಆನೆ, ಅದೇ ರುಮಾಲು. 1952ರಲ್ಲಿ ಲಂಡನ್ನಿನ ಹ್ಯಾರಿಂಗೇ ಸರ್ಕಸ್ಸಿನಲ್ಲೂ ಆನೆಯೊಂದಿಗೇ ನಿಲ್ಲಬೇಕಾಯಿತು. ಮೆಹಬೂಬ್ ಖಾನರ 'ಮದರ್ ಇಂಡಿಯಾ'ದ ಬಿರ್ಜು ಪಾತ್ರಕ್ಕಾಗಿ ಮುಂಬಯಿಗೆ ಬಂದರೂ ಚಿತ್ರೀಕರಣ ತಡವಾಯಿತು, ಕೆಲಸದ ಪರವಾನಗಿಗೆ ತೊಡಕಾಯಿತು. ಪಾತ್ರ ಸುನಿಲ್ ದತ್ ಅವರಿಗೆ ಹೋಯಿತು. ಹುಟ್ಟಿದ ನಾಡಿನಲ್ಲೇ ಪರದೇಶಿಯಾಗುವುದೆಂದರೆ ಎಂಥ ಸಂಕಟ! 1963ರ ಡಿಸೆಂಬರ್ 2ರಂದು ಹೃದಯಾಘಾತದಿಂದ ತೀರಿಕೊಂಡಾಗ ಅವನ ವಯಸ್ಸು ಕೇವಲ 39.

ಬಾಲ್ಯದ ಮುದ್ದುಮುಖಕ್ಕೆ ಬೀಳುವ ಚಪ್ಪಾಳೆ ಬಾಲ್ಯದೊಂದಿಗೇ ಮುಗಿಯಬಹುದು. ಆಮೇಲಿನ ಬದುಕಿಗೆ ಬುತ್ತಿ ಕಟ್ಟಿಕೊಡಬೇಕಾದವರು ತಂದೆತಾಯಿ. ಸಾಬುವಿನ ಕಾಲದಲ್ಲಿಲ್ಲದ ಕಾನೂನು ಇಂದು ನಿಮ್ಮ ಬೆನ್ನಿಗಿದೆ. 2017ರ ಬಾಲಕಾರ್ಮಿಕ ನಿಯಮಗಳ ಪ್ರಕಾರ ಬಾಲ ಕಲಾವಿದರನ್ನು ದಿನಕ್ಕೆ 5 ಗಂಟೆಗಿಂತ ಹೆಚ್ಚು, ವಿರಾಮವಿಲ್ಲದೆ 3 ಗಂಟೆಗಿಂತ ಹೆಚ್ಚು ದುಡಿಸುವಂತಿಲ್ಲ. ಸತತ 27 ದಿನಗಳನ್ನು ಮೀರುವಂತಿಲ್ಲ. ಸಂಭಾವನೆಯ ಕನಿಷ್ಠ ಶೇಕಡಾ 20ನ್ನು ರಾಷ್ಟ್ರೀಕೃತ ಬ್ಯಾಂಕಿನಲ್ಲಿ ಮಗುವಿನ ಹೆಸರಿಗೇ ಠೇವಣಿ ಇಡಬೇಕು. ಜಿಲ್ಲಾ ಮ್ಯಾಜಿಸ್ಟ್ರೇಟರ ಅನುಮತಿಯೂ ಬೇಕು.

ಆದ್ದರಿಂದ ಸಹೋದರಿಯರೇ, ಬೆಂಗಳೂರಿನಿಂದ ಕರೆ ಬಂದರೆ ಹಿಗ್ಗುವ ಮೊದಲು ಮೂರು ಪ್ರಶ್ನೆ ಕೇಳಿ: ಮಗುವಿನ ಜೊತೆ ಯಾರಿರುತ್ತಾರೆ? ತಪ್ಪಿದ ಪಾಠಗಳನ್ನು ಯಾರು ಕಲಿಸುತ್ತಾರೆ? ಠೇವಣಿಯ ರಸೀದಿ ಎಲ್ಲಿ? ಉತ್ತರ ಕೈಗೆ ಬಂದ ಮೇಲೆ ಸಹಿ ಹಾಕಿ.