ಗಾಳಿಗೆ ಗಂಟು, ಮೋಡಕ್ಕೆ ದಾರಿ

ಒಂದು ಕಾಲದಲ್ಲಿ ಗಾಳಿಯನ್ನು ಗಂಟು ಕಟ್ಟಿ ಮಾರುತ್ತಿದ್ದರಂತೆ. ಯುರೋಪಿನ ಉತ್ತರ ತುದಿಯ ಕಡಲ ತೀರದ ಮಾತಿದು. ಸ್ವೀಡನ್ನಿನ ಓಲಾಸ್ ಮ್ಯಾಗ್ನಸ್ ಎಂಬ ಪಾದ್ರಿ 1555ರಲ್ಲಿ ಅಚ್ಚು ಹಾಕಿಸಿದ ದೊಡ್ಡ ಪುಸ್ತಕದಲ್ಲಿ ಇದನ್ನು ಬರೆದಿದ್ದಾನೆ, ಜತೆಗೆ ಚಿತ್ರವನ್ನೂ ಕೊಟ್ಟಿದ್ದಾನೆ. ಎದುರುಗಾಳಿಗೆ ಸಿಕ್ಕಿ ಬಂದರಿನಲ್ಲೇ ಕುಳಿತ ವ್ಯಾಪಾರಿಗಳು ದುಡ್ಡು ಕೊಟ್ಟು ಮೂರು ಗಂಟಿನ ಹಗ್ಗ ಕೊಳ್ಳುತ್ತಿದ್ದರು. ಮೊದಲ ಗಂಟು ಬಿಚ್ಚಿದರೆ ಹಿತವಾದ ಗಾಳಿ. ಎರಡನೆಯದಕ್ಕೆ ಜೋರು ಗಾಳಿ. ಮೂರನೆಯದನ್ನು ಬಿಚ್ಚಿದಿರೋ, ಬಿರುಗಾಳಿ!

ಹಾಗಾದರೆ ಆ ಮೂರನೆಯ ಗಂಟನ್ನು ಕಟ್ಟಿದ್ದಾದರೂ ಯಾಕೆ ಎಂದು ನೀವು ಕೇಳಬಹುದು. ಬಿಚ್ಚಬಾರದ ಗಂಟು ಒಂದಾದರೂ ಇರದಿದ್ದರೆ ಕಥೆ ಎಲ್ಲಿಂದ ಹುಟ್ಟಬೇಕು? ಗ್ರೀಕರ ಹಳೆಯ ಮಹಾಕಾವ್ಯ 'ಒಡಿಸ್ಸಿ'ಯಲ್ಲೂ ಹೀಗೇ ಆಗುತ್ತದೆ. ಗಾಳಿಗಳ ಒಡೆಯ ಇಯೋಲಸ್ ಕೆಟ್ಟ ಗಾಳಿಗಳನ್ನೆಲ್ಲ ಎತ್ತಿನ ಚರ್ಮದ ಚೀಲದಲ್ಲಿ ತುಂಬಿ, ಬೆಳ್ಳಿಯ ತಂತಿಯಿಂದ ಬಿಗಿದು ಒಡಿಸ್ಯೂಸನಿಗೆ ಕೊಡುತ್ತಾನೆ. ಒಂಬತ್ತು ದಿನ ಸುಖ ಪ್ರಯಾಣ. ಹತ್ತನೆಯ ದಿನ ಊರು ಕಣ್ಣಿಗೆ ಬೀಳುತ್ತದೆ. ದಣಿದ ಒಡಿಸ್ಯೂಸ್ ಆಗಲೇ ನಿದ್ದೆಗೆ ಜಾರಬೇಕೇ! ಚೀಲದಲ್ಲಿ ಚಿನ್ನ, ಬೆಳ್ಳಿ ಇರಬೇಕೆಂದು ಜತೆಯವರು ಅದನ್ನು ಬಿಚ್ಚಿಬಿಡುತ್ತಾರೆ. ಹಡಗು ಬಂದ ದಾರಿಯಲ್ಲೇ ಹಿಂದಕ್ಕೆ.

ಗಾಳಿ ಮಳೆಗಳೇ ಕಸುಬಾಗಿರುವ ಜನರ ಕಥೆ ಬೇಕೆಂದರೆ ನಾನು ಮೊದಲು ಹೇಳುವ ಹೆಸರು ಅಮೆರಿಕದ ಲೇಖಕಿ ಉರ್ಸುಲಾ ಲೆ ಗ್ವಿನ್ ಅವರದು. ಅವರ 'ಎ ವಿಝರ್ಡ್ ಆಫ್ ಅರ್ಥ್‌ಸೀ' ಬಂದದ್ದು 1968ರಲ್ಲಿ. ಹ್ಯಾರಿ ಪಾಟರ್ ಬರಲು ಇನ್ನೂ 29 ವರ್ಷ ಇತ್ತು. ಆದರೂ ಇದರಲ್ಲಿ ಆಗಲೇ ಮಂತ್ರಗಾರರ ಶಾಲೆ ಇದೆ. ಅರ್ಥ್‌ಸೀ ಎಂದರೆ ನೂರಾರು ದ್ವೀಪಗಳ ಲೋಕ. ಅಲ್ಲಿ ಬಡಗಿ, ಕಮ್ಮಾರರಂತೆ ಹವೆ ತಿದ್ದುವವರೂ ಕಸುಬುದಾರರೇ. ಹಾಯಿ ತುಂಬ ಗಾಳಿ ಕರೆಯುವುದು, ಬರುವ ಮಳೆಯನ್ನು ಆಚೆ ಸರಿಸುವುದು ಅವರ ಕೆಲಸ. ರೋಕ್ ದ್ವೀಪದ ಶಾಲೆಯ ಒಂಬತ್ತು ಗುರುಗಳಲ್ಲಿ ಒಬ್ಬರು ಗಾಳಿಯ ವಿದ್ಯೆಗೆಂದೇ ಇದ್ದಾರೆ.

ಕಥಾನಾಯಕ ಗೆಡ್ ಕಂಚುಗಾರನ ಮಗ, ಮೇಕೆ ಕಾಯುವ ಹುಡುಗ. ಅವನಿಗೆ ಮಂತ್ರದ ಮೊದಲ ಪಾಠ ಹೇಳಿಕೊಟ್ಟವಳು ತಾಯಿಯ ಸೋದರಿ. ಶತ್ರುಗಳು ಊರಿಗೆ ನುಗ್ಗಿದಾಗ ಹುಡುಗನ ಬಳಿ ಕತ್ತಿಯಿಲ್ಲ, ತೋಳಲ್ಲಿ ಬಲವೂ ಇಲ್ಲ. ಅವನು ಮಂಜನ್ನು ನೇಯ್ದು ಊರಿನ ಮೇಲೆ ಹೊದಿಸುತ್ತಾನೆ. ಓಣಿಗಳ ಗುರುತಿದ್ದ ಊರವರು ಗೆದ್ದರು, ಬಂದವರು ದಿಕ್ಕು ತಪ್ಪಿದರು. ಆದರೆ ಶಕ್ತಿಯನ್ನೆಲ್ಲ ಸುರಿದ ಹುಡುಗ ಮಾತೇ ಆಡದೆ ಬಿದ್ದುಕೊಂಡ. ಅವನನ್ನು ವಾಸಿ ಮಾಡಲು ಬಂದ ಓಗಿಯನ್ ಎಂಬ ಮಿತಭಾಷಿಯೇ ಮುಂದೆ ಅವನ ಗುರು.

ಗುರುವಿನ ಜತೆ ಬೆಟ್ಟ ದಾಟುವಾಗ ಮಳೆ ಬರುತ್ತದೆ. ಇಷ್ಟು ದೊಡ್ಡ ಮಾಂತ್ರಿಕ, ಒಂದು ಮಾತಿನಲ್ಲಿ ಮೋಡವನ್ನು ಓಡಿಸುತ್ತಾನೆ ಎಂದು ಗೆಡ್ ಕಾಯುತ್ತಾನೆ. ಓಗಿಯನ್ ಏನೂ ಮಾಡುವುದಿಲ್ಲ. ಒತ್ತಾದ ಮರವೊಂದನ್ನು ಹುಡುಕಿ ಅದರಡಿ ಮಲಗಿಬಿಡುತ್ತಾನೆ. ಹುಡುಗ ಪೊದೆಯಡಿ ತೊಯ್ದು, ಮುಖ ಊದಿಸಿಕೊಂಡು ಕೂರುತ್ತಾನೆ. ಇಲ್ಲಿ ಲೆ ಗ್ವಿನ್ ಒಂದು ತಮಾಷೆಯ ಚಿತ್ರ ಕೊಡುತ್ತಾರೆ. ಮಂತ್ರಗಾರರು ಹೆಚ್ಚಿರುವ ನಾಡಿನಲ್ಲಿ ಮಳೆಮೋಡಕ್ಕೆ ನೆಲೆಯೇ ಇಲ್ಲ. ಈ ಊರಿನವನು ಆ ಊರಿಗೆ ತಳ್ಳುತ್ತಾನೆ, ಆ ಊರಿನವನು ಇನ್ನೊಂದಕ್ಕೆ. ಕೊನೆಗೆ ಬಡಪಾಯಿ ಮೋಡ ಕಡಲ ಮೇಲೆ ಹೋಗಿ ನೆಮ್ಮದಿಯಾಗಿ ಸುರಿಯುತ್ತದೆ. ಪುಸ್ತಕದಲ್ಲಿ ಡ್ರ್ಯಾಗನ್‌ಗಳಿವೆ, ಬೆನ್ನಟ್ಟುವ ಭಯಂಕರ ನೆರಳಿದೆ. ನನಗೆ ಮಾತ್ರ ಈ ಮೋಡವೇ ಹೆಚ್ಚು ಇಷ್ಟ.

ಯಾಕೆಂದರೆ ಅದು ಬರೀ ಕಥೆಯಲ್ಲ. 1946ರಲ್ಲಿ ವಿನ್ಸೆಂಟ್ ಶೇಫರ್ ಎಂಬ ಅಮೆರಿಕದ ವಿಜ್ಞಾನಿ ವಿಮಾನದಿಂದ ಮೋಡದೊಳಗೆ ಒಣ ಮಂಜುಗಡ್ಡೆ ಉದುರಿಸಿದರು. ಅದರ ತಣ್ಪಿಗೆ ಮೋಡದ ನೀರಹನಿಗಳು ಹಿಮದ ಹರಳುಗಳಾಗಿ ಕೆಳಗಿಳಿದವು. ಇದೇ ಮೋಡ ಬಿತ್ತನೆ. ನಮ್ಮ ಕರ್ನಾಟಕವೂ 2003ರಲ್ಲಿ 'ವರುಣ', 2017ರಲ್ಲಿ 'ವರ್ಷಧಾರಿ' ಎಂದು ಹೆಸರಿಟ್ಟು ವಿಮಾನ ಹಾರಿಸಿತು. ಇದರಲ್ಲಿ ಒಂದು ತೊಡಕಿದೆ. ಮೋಡವೇ ಇಲ್ಲದ ಕಡೆ ಬಿತ್ತುವುದು ಎಲ್ಲಿ? ಬಿತ್ತಿದ ಮೋಡದಿಂದ ಬಿದ್ದ ಮಳೆ, ಬಿತ್ತದಿದ್ದರೂ ಬೀಳುತ್ತಿತ್ತೋ ಏನೋ, ಹೇಳುವುದು ಬಲು ಕಷ್ಟ.

ಇನ್ನೊಂದು ತೊಡಕು ಓಗಿಯನ್‌ಗೆ ಗೊತ್ತಿದ್ದದ್ದು. 1950ರಲ್ಲಿ ನೀರಿಗೆ ಬರ ಬಂದ ನ್ಯೂಯಾರ್ಕ್ ನಗರ, ಹತ್ತಿರದ ಕ್ಯಾಟ್ಸ್‌ಕಿಲ್ ಬೆಟ್ಟಗಳ ಮೇಲೆ ಮಳೆ ತರಿಸಲು ತಜ್ಞರನ್ನು ನೇಮಿಸಿತು. ಬೆಟ್ಟದಲ್ಲಿ ಪ್ರವಾಸಿಗಳ ವಸತಿಗೃಹ ನಡೆಸುವವರಿಗೆ ಮಳೆ ಬಂದರೆ ಗಿರಾಕಿಯಿಲ್ಲ. ಅವರು ಕೋರ್ಟಿಗೆ ಹೋದರು! ತಡೆಯಾಜ್ಞೆ ಸಿಗಲಿಲ್ಲ. ಅಷ್ಟಕ್ಕೇ ಮುಗಿದಿದ್ದರೆ ನಗಬಹುದಿತ್ತು. 1967ರಿಂದ 1972ರವರೆಗೆ ವಿಯೆಟ್ನಾಂ ಯುದ್ಧದಲ್ಲಿ ಅಮೆರಿಕದ ಸೇನೆ, ಶತ್ರುವಿನ ಸರಕು ಸಾಗುವ ದಾರಿಗಳು ಕೆಸರಾಗಲೆಂದು ಗುಟ್ಟಾಗಿ ಮೋಡ ಬಿತ್ತಿತು. ಹವೆಯನ್ನು ಯುದ್ಧದ ಆಯುಧ ಮಾಡಬಾರದೆಂದು 1977ರಲ್ಲಿ ಅಂತರರಾಷ್ಟ್ರೀಯ ಒಪ್ಪಂದವೇ ಆಯಿತು. ಮೂರನೆಯ ಗಂಟು ಯಾವುದೆಂದು ಹಗ್ಗ ಮಾರುವವರಿಗೂ ಕೊಳ್ಳುವವರಿಗೂ ಮೊದಲೇ ಗೊತ್ತಿತ್ತು ನೋಡಿ.

ಒಂದು ಆಟ ಆಡಿ. ಮನೆಯವರೆಲ್ಲ ಕೂತು, ಒಬ್ಬೊಬ್ಬರೂ ಮಾರ್ಚ್ ತಿಂಗಳಿಗೆ ಒಂದೊಂದು ಮಳೆ ಅಥವಾ ಬಿಸಿಲಿನ ಅರ್ಜಿ ಬರೆಯಿರಿ. ಕೊಡಗಿನ ಕಾಫಿ ತೋಟದವರಿಗೆ ಹೂಮಳೆ ಬೇಕು. ಕಾಫಿ ಇನ್ನೂ ಕಣದಲ್ಲಿ ಒಣಗುತ್ತಿರುವ ಪಕ್ಕದ ತೋಟದವರಿಗೆ ಬೇಡ. ತಾರಸಿಯಲ್ಲಿ ಹಪ್ಪಳ ಹರಡಿರುವ ಅಜ್ಜಿಗೆ ಸುತರಾಂ ಬೇಡ. ಕ್ರಿಕೆಟ್ ಆಡುವವರು, ಕೆರೆ ಬತ್ತಿದ ಊರಿನವರು ಯಾರಾದರೂ ಆಗಿ. ಆಮೇಲೆ ಒಬ್ಬರು ಹವೆಯ ಕಸುಬುದಾರರಾಗಿ ಎಲ್ಲ ಅರ್ಜಿಗಳಿಗೂ ಉತ್ತರ ಬರೆಯಬೇಕು. ಆ ಕೆಲಸವನ್ನು ಮನೆಯ ಅತಿ ಚಿಕ್ಕವರಿಗೆ ಕೊಡಿ. ದೊಡ್ಡವರು ಅಜ್ಜಿಗೆ ಹೆದರುತ್ತಾರೆ.