ಮಕ್ಕಳಿಗೂ ಮನೆಯ ಲೆಕ್ಕ ಹೇಳಿ

ಮುರ್ಡೇಶ್ವರದ ಅಪ್ಪ-ಅಮ್ಮಂದಿರೇ, ನಿಮ್ಮ ಮನೆಗೆ ತಿಂಗಳಿಗೆ ಎಷ್ಟು ದುಡ್ಡು ಬರುತ್ತದೆಂದು ನಿಮ್ಮ ಮಗಳಿಗೆ ಗೊತ್ತೇ? 'ಅದೆಲ್ಲ ಮಕ್ಕಳಿಗ್ಯಾಕೆ' ಎನ್ನಬೇಡಿ. ಸಂಘದ ಕಂತಿನ ದಿನ ಅಮ್ಮ ಯಾರ ಮನೆಗೆ ಕೈಗಡ ಕೇಳಲು ಹೋದಳೆಂಬುದು ಅವಳಿಗೆ ಗೊತ್ತಿದೆ. ಗೊತ್ತಿಲ್ಲದ್ದು ಲೆಕ್ಕ ಮಾತ್ರ. ಅದಕ್ಕೇ ಅವಳಿಗೆ ಹೆದರಿಕೆ.

ನಮ್ಮೂರಿನ ಸಂಪಾದನೆಗೆ ಒಂದು ಕಾಲವಿದೆ. ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ದೋಣಿಗಳು ಕಡಲಿಗಿಳಿಯುವಂತಿಲ್ಲ. ಮಳೆ ಹಿಡಿದರೆ ಪ್ರವಾಸಿಗರೂ ಕಡಿಮೆ. ಲಾಡ್ಜು, ಬೀಚಿನ ಅಂಗಡಿ, ಆಟೋ ಎಲ್ಲ ತಣ್ಣಗೆ. ಶಾಲೆ ಶುರುವಾಗುವುದೂ ಆಗಲೇ. ಕೊಡೆ, ಚೀಲ, ನೋಟ್‌ಬುಕ್ಕು ಎಂದು ಮಗು ಹಟ ಹಿಡಿಯುತ್ತದೆ, ನಾವು ಗದರುತ್ತೇವೆ. ಡಿಸೆಂಬರಿನಲ್ಲಿ ಕೇಳಿದ್ದೆಲ್ಲ ಕೊಡಿಸಿದ ಅಪ್ಪ ಜೂನಿನಲ್ಲಿ ಸಿಡುಕುವುದೇಕೆಂದು ಅದಕ್ಕೆ ಯಾರು ಹೇಳಿದ್ದಾರೆ?

ಈಗಂತೂ ದುಡ್ಡು ಕಣ್ಣಿಗೇ ಬೀಳುವುದಿಲ್ಲ. ಅಮ್ಮನ ಫೋನ್ ಹಿಡಿದು ಬಂದ ಹುಡುಗ ಸ್ಕ್ಯಾನ್ ಮಾಡುತ್ತಾನೆ, ಅಂಗಡಿಯ ಡಬ್ಬಿ ಇಪ್ಪತ್ತು ರೂಪಾಯಿ ಬಂತೆಂದು ಕೂಗುತ್ತದೆ, ಇವನು ಪೊಟ್ಟಣ ಹರಿದುಕೊಂಡು ಓಡುತ್ತಾನೆ. ಎಣಿಸುವುದಿಲ್ಲ, ಚಿಲ್ಲರೆ ತರುವುದಿಲ್ಲ, ಉಳಿದದ್ದೆಷ್ಟು ಎಂದು ಕೇಳುವವರೂ ಇಲ್ಲ. ಫೋನ್ ಬಿಟ್ಟು ವಾರಕ್ಕೊಮ್ಮೆ ಐವತ್ತರ ನೋಟು ಕೊಡಿ. ಎರಡೇ ದಿನದಲ್ಲಿ ಮುಗಿಸಿದರೆ ಮುಗಿಸಲಿ, ಉಳಿದ ಐದು ದಿನ ಬರಿಗೈಯಲ್ಲಿರಲಿ. ಕರಗಬೇಡಿ. (ಅಜ್ಜಿಗೂ ಮೊದಲೇ ಹೇಳಿಡಿ.)

ಮಾಸ್ತರರೇ, ಅಕ್ಕೋರೇ, ಶಾಲೆಯಲ್ಲಿ ಮಕ್ಕಳ ಸಂತೆ ಮಾಡುತ್ತೀರಿ, ಒಳ್ಳೆಯದೇ. ಹಿತ್ತಲ ಬಸಳೆ ಮಾರಿದ ಹುಡುಗಿ ಬಂದದ್ದೆಲ್ಲ ಲಾಭವೆಂದು ಕುಣಿಯುತ್ತಾಳೆ. ಫೋಟೊ ತೆಗೆದರೆ ಸಂತೆ ಮುಗಿಯಿತು. ಬಸಳೆಗೆ ದಿನಾ ನೀರು ಹೊಯ್ದ ಅಮ್ಮನ ಕೂಲಿ ಎಷ್ಟೆಂದು ಮರುದಿನದ ಗಣಿತದ ಪಿರಿಯಡ್‌ನಲ್ಲಿ ಕೇಳಿ.

ಕರಾವಳಿಗೆ ಉಳಿತಾಯ ಹೊಸ ಪಾಠವೇನಲ್ಲ. ಮುಂದೆ ಸಿಂಡಿಕೇಟ್ ಬ್ಯಾಂಕ್ ಆದ ಉಡುಪಿಯ ಸಂಸ್ಥೆ 1928ರಲ್ಲೇ ಪಿಗ್ಮಿ ತಂದು, ಮನೆಬಾಗಿಲಿಗೇ ಹೋಗಿ ದಿನಕ್ಕೆ ಎರಡಾಣೆ ಕಟ್ಟಿಸಿಕೊಂಡಿತು. ಹತ್ತು ತುಂಬಿದ ಮಕ್ಕಳು ಉಳಿತಾಯ ಖಾತೆಯನ್ನು ತಾವೇ ನಡೆಸಲು ರಿಸರ್ವ್ ಬ್ಯಾಂಕು 2014ರಲ್ಲೇ ದಾರಿ ಬಿಟ್ಟಿದೆ. ಮಿತಿ ಆಯಾ ಬ್ಯಾಂಕಿನದು. ಸ್ಕಾಲರ್‌ಶಿಪ್‌ಗೆಂದು ತೆರೆದ ಖಾತೆ ಎಷ್ಟೋ ಮಕ್ಕಳಿಗಿದೆ. ಪಾಸ್‌ಬುಕ್ಕು ಅಪ್ಪನ ಕಪಾಟಿನಲ್ಲಿ! ಅದನ್ನು ಮಗುವಿನ ಕೈಗೆ ಕೊಡಿ, ಬ್ಯಾಂಕಿನ ಚೀಟಿ ಅದೇ ತುಂಬಲಿ.

ಬರುವ ಮೇ ತಿಂಗಳಲ್ಲಿ ಒಂದು ಸಂಜೆ ಟಿವಿ ಆರಿಸಿ, ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿ. ಮಳೆಗಾಲಕ್ಕೆ ಕೈಯಲ್ಲಿರುವುದೆಷ್ಟು, ಕಂತು ಎಷ್ಟು, ಅಕ್ಕಿಗೆಷ್ಟು, ಎಲ್ಲ ಹೇಳಿ. ಈ ಸಲ ಯಾವುದನ್ನು ಬಿಡಬಹುದೆಂದು ಅವರನ್ನೇ ಕೇಳಿ.